ನನ್ನ ಪಾಲಿನ ಒಡಕು ರೊಟ್ಟಿ

ನನ್ನ ತಂಗಿ ಗಂಗಿಯ ಊಟದ ಮಾತು ತೆಗೆದರೆ ಈಗಲೂ ನನ್ನ ತಲೆ ಬಿಸಿಯಾಗುತ್ತದೆ. ಅರವತ್ತು ದಾಟಿದ್ದೇನೆ, ಶಾಲೆಯಲ್ಲಿ ಪಾಠ ಹೇಳಿ ಎಂತೆಂಥ ತುಂಟರನ್ನು ದಾರಿಗೆ ತಂದಿದ್ದೇನೆ, ಆದರೆ ಇವಳ ತಾಟಿನ ಮುಂದೆ ನನ್ನ ಆಟ ಒಂದು ದಿನವೂ ನಡೆದಿಲ್ಲ. ಸಣ್ಣವಳಿದ್ದಾಗ ಅವಳು ತಿನ್ನುತ್ತಿದ್ದದ್ದು ಮೂರೇ ಮೂರು: ಹಾಲು, ಶೇಂಗಾ ಹಿಂಡಿ ಎಂಬ ಚಟ್ನಿಪುಡಿ ಮತ್ತು ಒಣಗಿಸಿದ ಕಟಕ್ ಜೋಳದ ರೊಟ್ಟಿ. ಮೂರಕ್ಕೂ ಕಾಯಿದೆಗಳಿದ್ದವು. ಹಾಲನ್ನು ಬಟ್ಟೆಯಲ್ಲಿ ಸೋಸಬೇಕು. ಕೆನೆಯ ಒಂದು ಎಳೆ ತುಟಿಗೆ ತಾಗಿದರೂ ಲೋಟ ಗೋಡೆಗೆ ಬಡಿಯುತ್ತಿತ್ತು. ಹಿಂಡಿ ತಾಟಿನ ಎಡಕ್ಕೆ ಇರಬೇಕು, ರೊಟ್ಟಿಗೆ ಸೋಕಬಾರದು. ರೊಟ್ಟಿಯಂತೂ ಇಡಿಯಾಗಿ, ದುಂಡಗೆ ಇರಬೇಕು. ಅಂಚಿನಲ್ಲಿ ಇರುವೆ ಕಚ್ಚಿದಷ್ಟು ಮುಕ್ಕಾಗಿದ್ದರೂ ಅವಳ ಲೆಕ್ಕದಲ್ಲಿ ಅದು ರೊಟ್ಟಿಯೇ ಅಲ್ಲ. ತಾಟು ಸಹ ಒಂದೇ, ಬದಿಗೆ ತಗ್ಗು ಬಿದ್ದ ಅಲ್ಯೂಮಿನಿಯಂನ ಜರ್ಮನ್ ತಾಟು. ಆ ತಗ್ಗು ಅವಳ ಕಡೆಗೆ ಬರುವ ಹಾಗೆ ಇಡದಿದ್ದರೆ ಮತ್ತೆ ರಂಪ. ಅನ್ನವನ್ನು ಕಂಡರೆ ಓಕರಿಸುತ್ತಿದ್ದಳು. ಬದನೆಕಾಯಿ ಪಲ್ಯದ ವಾಸನೆ ಬಂದರೆ ಮೂಗು ಕಿವಿ ಎರಡನ್ನೂ ಒಟ್ಟಿಗೆ ಮುಚ್ಚಿಕೊಳ್ಳಲು ಹೋಗಿ, ಕೈ ಸಾಲದೆ ಅಳುತ್ತಿದ್ದಳು.

ಇದಕ್ಕೆ ಆಟಿಸಂ ಎನ್ನುತ್ತಾರೆ, ಇಂಥ ಮಕ್ಕಳಿಗೆ ತಿನಿಸಿನ ವಾಸನೆ, ಸದ್ದು, ನಾಲಿಗೆಗೆ ತಾಗುವ ಮೆತ್ತಗಿನದು ಗಟ್ಟಿಯದು ಎಲ್ಲವೂ ನಮ್ಮ ಹಾಗೆ ಇರುವುದಿಲ್ಲ ಎಂದು ರಾಯಚೂರಿನ ಡಾಕ್ಟರಮ್ಮ ಒಬ್ಬರು ನನಗೆ ತಿಳಿಸಿ ಹೇಳುವ ಹೊತ್ತಿಗೆ ನನ್ನ ತಲೆಯ ಅರ್ಧ ಕೂದಲು ಬೆಳ್ಳಗಾಗಿತ್ತು. ಆ ಕಾಲದಲ್ಲಿ ನಮ್ಮ ಮನೆಯಲ್ಲಿ ಆ ಹೆಸರಿರಲಿಲ್ಲ, ಬೇರೆ ಹೆಸರುಗಳಿದ್ದವು. ಅಪ್ಪ ಹಟಮಾರಿ ಎನ್ನುತ್ತಿದ್ದ. ನೆರೆಮನೆಯವರು ಗಾಳಿ ಸೋಕಿದೆ ಎನ್ನುತ್ತಿದ್ದರು. ಅವ್ವ ಸೆರಗಿನಿಂದ ಮೂಗು ಒರೆಸಿಕೊಳ್ಳುತ್ತಿದ್ದಳು. ನಾನು ಮನಸ್ಸಿನೊಳಗೇ ಅವಳನ್ನು ಮಹಾರಾಣಿ ಎಂದು ಕರೆಯುತ್ತಿದ್ದೆ, ಅದು ಪ್ರೀತಿಯ ಹೆಸರಲ್ಲ.

ಗಂಗಿಗೆ ಮೂರು ತುಂಬುವವರೆಗೆ ನಾವು ದೇವದುರ್ಗದಲ್ಲಿ ಅಪ್ಪನ ತಾಯಿಯ ಜೊತೆ ಇದ್ದೆವು. ಅವಳನ್ನು ನಾವು ಆಯಿ ಎನ್ನುತ್ತಿದ್ದೆವು. ಗಂಗಿ ಹಲ್ಲು ಬಂದಾಗಿನಿಂದ ಆಯಿಯ ಕಟಕ್ ರೊಟ್ಟಿಯನ್ನೇ ಕಡಿದು ಬೆಳೆದವಳು. ಆಮೇಲೆ ಅಪ್ಪನಿಗೆ ಮಾನ್ವಿಯ ಕಾಲುವೆ ಆಫೀಸಿನಲ್ಲಿ ಗುಮಾಸ್ತನ ಕೆಲಸವಾಯಿತು. ಮಾನ್ವಿ ಎಂದರೆ ಭತ್ತದ ಊರು. ಅಲ್ಲಿಗೆ ಬಂದ ಮೇಲೆ ನಾವೂ ಎರಡು ಹೊತ್ತು ಅನ್ನ ಉಣ್ಣುವ ದೊಡ್ಡ ಮನುಷ್ಯರಾದೆವು. ಆಫೀಸಿನವರು ಕೊಟ್ಟ ಎರಡು ಕೋಣೆಯ ಕ್ವಾರ್ಟರ್ಸಿಗೆ ಆಗ ತಾನೆ ಸುಣ್ಣ ಬಳಿದಿದ್ದರು. ಗೋಡೆ ಹೊಗೆ ಹಿಡಿಯಬಾರದು, ಕಟ್ಟಿಗೆ ಒಲೆ ಹೂಡಬಾರದು ಎಂದು ಸಾಹೇಬರ ಹುಕುಂ. ಅವ್ವನಿಗೆ ಅದೇ ಬೇಕಾಗಿತ್ತು. ಹಿತ್ತಾಳೆಯ ಪಂಪ್ ಸ್ಟೋ ಬಂತು. ಹುಣಸೆಹಣ್ಣು ಹಚ್ಚಿ ಅದನ್ನು ತಿಕ್ಕಿ ತಿಕ್ಕಿ ಅವ್ವ ತನ್ನ ಮುಖ ಅದರಲ್ಲಿ ನೋಡಿಕೊಳ್ಳುತ್ತಿದ್ದಳು. ಮನೆಯಲ್ಲಿ ಎಲ್ಲರಿಗೂ ಖುಷಿ, ಗಂಗಿಯೊಬ್ಬಳನ್ನು ಬಿಟ್ಟು. ಅವ್ವ ಸ್ಟೋ ಮೇಲೆ ಸುಟ್ಟ ರೊಟ್ಟಿಯನ್ನು ಅವಳು ಮೂಗಿನ ಹತ್ತಿರ ತಂದು, ಕೆಳಗಿಟ್ಟು, ಗೋಡೆಯ ಕಡೆ ತಿರುಗಿ ಕುಳಿತಳು. ಮರುದಿನವೂ ಹಾಗೆಯೇ ಕುಳಿತಳು. ನಾಲ್ಕನೆಯ ದಿನ ಅಪ್ಪ ದೇವದುರ್ಗಕ್ಕೆ ಹೋಗಿ ಆಯಿಯ ಕೈಯ ರೊಟ್ಟಿ ತಂದ. ಅಲ್ಲಿಂದ ಶುರುವಾಯಿತು ನನ್ನ ಬಸ್‌ಸ್ಟ್ಯಾಂಡ್ ನೌಕರಿ.

ಪ್ರತಿ ಆದಿತ್ಯವಾರ ಆಯಿ ಮೂವತ್ತು ರೊಟ್ಟಿ ಬಡಿದು, ಒಣಗಿಸಿ, ಬಿಳಿ ಧೋತರದ ತುಂಡಿನಲ್ಲಿ ಗಂಟು ಕಟ್ಟಿ ದೇವದುರ್ಗದ ಬಸ್ಸಿಗೆ ಹಾಕುತ್ತಿದ್ದಳು. ನಮ್ಮ ಕಡೆ ಪರವೂರಲ್ಲಿ ಓದುವ ಹುಡುಗರಿಗೆ ಹೀಗೆ ಬಸ್ಸಿನಲ್ಲಿ ಬುತ್ತಿ ಬರುವುದು ಹೊಸದಲ್ಲ. ಆದರೆ ತಾಯಿಯ ಮಗ್ಗುಲಲ್ಲೇ ಇರುವ ಕೂಸಿಗೆ ಬೇರೆ ಊರಿಂದ ಬುತ್ತಿ ಬರುವುದನ್ನು ಮಾನ್ವಿಯವರು ನಮ್ಮ ಮನೆಯಲ್ಲೇ ಮೊದಲು ನೋಡಿದ್ದು. ಗಂಟು ಡ್ರೈವರನ ಪಕ್ಕದ ಬಾನೆಟ್ ಮೇಲೆ ಕುಳಿತು ಬರುತ್ತಿತ್ತು. ಕಂಡಕ್ಟರನಿಗೆ ಮೇಲೆ ಎರಡು ರೊಟ್ಟಿ, ಸ್ವಲ್ಪ ಹಿಂಡಿ. ಅವನು ಅದನ್ನು ತಿನ್ನುತ್ತಲೇ ನನಗೆ ಗಂಟು ಇಳಿಸಿ ಕೊಡುತ್ತಿದ್ದ.

"ಹುಷಾರಾಗಿ ಒಯ್ಯವಾ. ಇವತ್ತು ಒಬ್ಬಾಕಿ ಇದರ ಮ್ಯಾಲೇ ಕುಂತಿದ್ಲು, ಬೈದು ಎಬ್ಬಿಸೀನಿ. ಎಷ್ಟು ಉಳದಾವೋ ಏನೋ."

ಉಳಿಯುತ್ತಿದ್ದದ್ದು ಇಪ್ಪತ್ತು, ಇಪ್ಪತ್ತೆರಡು. ನಾನು ಎರಡೂ ಕೈಯಲ್ಲಿ ಗಂಟು ಎತ್ತಿಕೊಂಡು, ತುಂಬಿದ ಕೊಡ ಹೊತ್ತವಳ ಹಾಗೆ ಮೈ ಅಲುಗಿಸದೆ ನಡೆದು ಬರುತ್ತಿದ್ದೆ. ಓಣಿಯ ಹುಡುಗಿಯರು ಕುಂಟಾಬಿಲ್ಲಿ ಆಡುತ್ತ ಕರೆದರೂ ತಿರುಗುವಂತಿರಲಿಲ್ಲ. ಗಂಗಿ ಹೊಸ್ತಿಲಲ್ಲೇ ಕಾಯುತ್ತಿದ್ದಳು. ಗಂಟು ಬಿಚ್ಚಿ ವಿಂಗಡಿಸುವುದು ಅವಳ ಕೆಲಸ, ಬೇರೆಯವರು ಕೈ ಹಾಕುವಂತಿಲ್ಲ. ಒಂದೊಂದನ್ನೂ ಎತ್ತಿ ಉಗುರಿನಿಂದ ಟಣ್ ಎಂದು ಬಾರಿಸಿ, ಕಿವಿಗೊಟ್ಟು ಕೇಳಿ, ಇಡೀ ರೊಟ್ಟಿಗಳನ್ನು ಡಬ್ಬಿಯಲ್ಲಿ ಪೇರಿಸುತ್ತಿದ್ದಳು. ಒಡೆದವುಗಳನ್ನು ದೊಡ್ಡದರ ಮೇಲೆ ಸಣ್ಣದು ಬರುವಂತೆ ನನ್ನ ತಾಟಿನಲ್ಲಿ ಜೋಡಿಸಿ ನನ್ನ ಕಡೆ ತಳ್ಳುತ್ತಿದ್ದಳು. ಆಗ ಅವಳ ಬಾಯಲ್ಲಿದ್ದ ಹತ್ತು ಹನ್ನೆರಡು ಮಾತುಗಳಲ್ಲಿ ಒಂದು ಇದಕ್ಕೇ ಮೀಸಲು.

"ಅಕ್ಕಂದು."

ಸಾಹುಕಾರ ಆಳಿಗೆ ಕಾಳು ಅಳೆದು ಹಾಕಿದಂತೆ ಇರುತ್ತಿತ್ತು ಅದು. ನನಗೆ ಮೈಯೆಲ್ಲ ಉರಿಯುತ್ತಿತ್ತು. ಅವ್ವನಿಗೆ ಹೇಳಿದರೆ ಅವಳ ಉತ್ತರ ಯಾವಾಗಲೂ ತಯಾರಿರುತ್ತಿತ್ತು.

"ಜ್ವಾಳ ಅಂದ್ರ ಲಕ್ಷ್ಮಿ, ಚೆಲ್ಲಬಾರದು. ಇಡೀದು ತಿಂದ್ರೂ ಹೊಟ್ಟ್ಯಾಗ ಒಡದೇ ಹೋಗತದ. ಸುಮ್ನ ತಿನ್ನು. ನೀ ದೊಡ್ಡಾಕಿ ಅಲ್ಲೇನು?"

ನಾನು ದೊಡ್ಡವಳು, ನಿಜ. ಎಂಟು ವರ್ಷ ತುಂಬಿದ ದೊಡ್ಡವಳು. ವಾರದಲ್ಲಿ ಮೂರು ದಿನ ಆ ಚೂರುಗಳನ್ನು ಮಜ್ಜಿಗೆಯಲ್ಲಿ ನೆನೆಹಾಕಿ ಉಂಡು ಶಾಲೆಗೆ ಹೋಗುತ್ತಿದ್ದೆ. ಒಂದು ಸಲ ಸಹಿಸಲಾರದೆ ಅವಳ ಡಬ್ಬಿಗೆ ಕೈ ಹಾಕಿ ಒಂದು ಇಡೀ ರೊಟ್ಟಿ ತೆಗೆದುಕೊಂಡು ತಾಟಿಗೆ ಹಾಕಿಕೊಂಡೆ. ಗಂಗಿ ಮನೆ ಹಾರಿಹೋಗುವ ಹಾಗೆ ಚೀರಿದಳು. ಬಂದು ನನ್ನ ತಾಟಿನಿಂದ ರೊಟ್ಟಿ ಕಿತ್ತಳು, ನಾನು ಬಿಡಲಿಲ್ಲ, ಅದು ಲಟಕ್ಕನೆ ಮುರಿಯಿತು. ಮುರಿದ ಕೂಡಲೆ ಅವಳ ಚೀರಾಟ ನಿಂತುಹೋಯಿತು. ಚೂರುಗಳನ್ನು ನನ್ನ ತಾಟಿನಲ್ಲೇ ಬಿಟ್ಟು, ಏನೂ ಆಗದವಳಂತೆ ತನ್ನ ಜಾಗಕ್ಕೆ ಹೋಗಿ ಕುಳಿತಳು. ತನಗಿಲ್ಲದಿದ್ದರೂ ಚಿಂತೆಯಿಲ್ಲ, ನನಗೆ ಮಾತ್ರ ಇಡೀದು ದಕ್ಕಬಾರದು, ಇದಲ್ಲವೇ ಹೊಟ್ಟೆಕಿಚ್ಚು ಎಂದುಕೊಂಡೆ. ಚೀರಾಟಕ್ಕೆ ಎದ್ದು ಬಂದ ಅಪ್ಪ, ಸಣ್ಣ ಕೂಸಿನ ಜೊತೆ ಜಗಳವೇ ಎಂದು ನನಗೇ ಎರಡು ಬಿಗಿದ.

ಉಪಾಯ ಹೇಳುವವರಿಗೇನೂ ಬರವಿರಲಿಲ್ಲ. ಅಪ್ಪನ ಅಕ್ಕ, ಚಂದ್ರಬಂಡದ ಅತ್ತೆ, ಬಂದಾಗಲೆಲ್ಲ ಸೊಂಟದ ಮೇಲೆ ಕೈ ಇಟ್ಟು ಗಂಗಿಯನ್ನು ನೋಡುತ್ತ ನಿಲ್ಲುತ್ತಿದ್ದಳು.

"ಮುದ್ದು ಹೆಚ್ಚಾಗ್ಯಾದ ನಿಮ್ಮನ್ಯಾಗ. ಆ ಡಬ್ಬಿ, ಹಾಲು ಎಲ್ಲಾ ಮುಚ್ಚಿಟ್ಟು ಎರಡು ದಿನ ಉಪಾಸ ಕೆಡವ್ರಿ. ಹಸಿವು ರುಚಿ ಅರಿಯಂಗಿಲ್ಲ, ನಿದ್ದಿ ಸುಖ ಅರಿಯಂಗಿಲ್ಲ. ಮಣ್ಣು ಕೊಟ್ರೂ ತಿಂತಾಳ."

ಅದೂ ಆಯಿತು. ಹಸಿವು ರುಚಿ ಅರಿಯದು ಎಂಬ ಗಾದೆ ಕಟ್ಟಿದವರು ನಮ್ಮ ಗಂಗಿಯನ್ನು ನೋಡಿರಲಿಲ್ಲ. ಎರಡು ದಿನ ಅವಳ ಮುಂದೆ ತುಪ್ಪದ ಅನ್ನವಿತ್ತು, ಬೆಲ್ಲ ಹಾಕಿದ ಮಾದ್ಲಿ ಇತ್ತು, ಅತ್ತೆಯ ಕಣ್ಣುಗಳಿದ್ದವು. ಅವಳು ಯಾವುದನ್ನೂ ಮುಟ್ಟದೆ, ಗೋಡೆಯ ಸುಣ್ಣ ಉಗುರಿನಿಂದ ಕೆರೆದು ನೆಕ್ಕುತ್ತ ಕುಳಿತಳು. ಮೂರನೆಯ ದಿನ ಬೆಳಿಗ್ಗೆ ಮೈ ಸುಡುತ್ತಿತ್ತು, ಎಬ್ಬಿಸಿದರೆ ಕುತ್ತಿಗೆ ನಿಲ್ಲುತ್ತಿರಲಿಲ್ಲ. ಅಪ್ಪ ಅವಳನ್ನು ಹೆಗಲಿಗೆ ಹಾಕಿಕೊಂಡು ರಾಯಚೂರಿನ ಬಸ್ಸು ಹತ್ತುವಾಗ ಅಕ್ಕನಿಗೆ ಹೇಳಿದ ಮಾತು ಓಣಿಯವರಿಗೆಲ್ಲ ಕೇಳಿಸಿತು.

"ನನ್ನ ಮಗಳು ಸಾಯೋದು ನೋಡಾಕ ಬಂದಿದ್ದಿ ಏನಕ್ಕಾ? ಇನ್ನ ನಿನ್ನ ಶಾಣ್ಯಾತನ ಸಾಕು."

ರಾಯಚೂರಿನ ಡಾಕ್ಟರು ಸಲೈನ್ ಹಚ್ಚಿ, ಕೆಂಪು ಟಾನಿಕ್ ಬರೆದು ಕೊಟ್ಟರು. ಅದರ ಬಣ್ಣ ನೋಡಿಯೇ ಗಂಗಿ ಬಾಯಿ ಬಿಗಿದಳು, ಪೂರಾ ಬಾಟಲಿ ನಾನು ಕುಡಿದು ದಪ್ಪಗಾದೆ. ಆ ಮೂರು ದಿನ ನೋಡಿದ ಮೇಲೆ ಮನೆಯಲ್ಲಿ ಎಲ್ಲರಿಗೂ ಒಂದು ವಿಷಯ ತಿಳಿಯಿತು: ಡಬ್ಬಿ ಖಾಲಿಯಾದರೆ ಈ ಕೂಸು ಉಳಿಯುವುದಿಲ್ಲ. ಅದು ಹಟವಾಗಿದ್ದರೆ ಎಂದೋ ಮುರಿಯುತ್ತಿತ್ತು.

ಅವ್ವನ ಉಪಾಯ ಇನ್ನೂ ಒಂದು ತೂಕ ಹೆಚ್ಚಿನದು. ಒಂದು ವಾರ ಆಯಿ ಯಾವುದೋ ಮದುವೆಗೆ ಹೋಗುವವಳಿದ್ದಳು, ಗಂಟು ಬರುವಂತಿರಲಿಲ್ಲ. ಅವ್ವ ಶನಿವಾರ ಇಡೀ ದಿನ ಸ್ಟೋ ಮುಂದೆ ಕುಳಿತು ರೊಟ್ಟಿ ಸುಟ್ಟಳು, ಒಣಗಿಸಿದಳು, ಆಯಿಯದೇ ಹಳೆಯ ಧೋತರದ ತುಂಡಿನಲ್ಲಿ ಆಯಿಯದೇ ಥರದ ಗಂಟು ಹಾಕಿದಳು. ಆಮೇಲೆ ನನ್ನನ್ನು ಹಿತ್ತಲಿಗೆ ಕರೆದು ಪಿಸುಗುಟ್ಟಿದಳು.

"ಇದನ್ನ ಪಾಟಿಚೀಲದಾಗ ಮುಚ್ಚಿಕೊಂಡು ಬಸ್‌ಸ್ಟ್ಯಾಂಡಿಗೆ ಹೋಗು. ದೇವದುರ್ಗದ ಬಸ್ ಬಂದ ಮ್ಯಾಲ ಕೈಯಾಗ ಹಿಡಕೊಂಡು ವಾಪಸ್ ಬಾ. ಮಾರಿ ಗಂಟು ಹಾಕ್ಕೋಬ್ಯಾಡ, ಯಾವಾಗಲೂ ಬಂದಂಗ ಬಾ."

ನಮ್ಮ ಮನೆಯ ರೊಟ್ಟಿಯನ್ನು ಬಸ್‌ಸ್ಟ್ಯಾಂಡ್ ತೋರಿಸಿ ನಮ್ಮ ಮನೆಗೇ ತಂದೆ. ಗಂಗಿ ಹೊಸ್ತಿಲಲ್ಲಿ ಗಂಟು ಬಿಚ್ಚಿದಳು. ಅವ್ವ ಬಾಗಿಲ ಹಿಂದೆ ನಿಂತು ಇಣುಕುತ್ತಿದ್ದಳು. ಗಂಗಿ ಒಂದು ರೊಟ್ಟಿ ಎತ್ತಿದಳು, ಬಾರಿಸಿದಳು, ಸದ್ದು ಸರಿಯಿತ್ತು ಎಂದು ಕಾಣುತ್ತದೆ, ತಲೆ ಅಲ್ಲಾಡಿಸಿದಳು. ಆಮೇಲೆ ಮೂಗಿಗೆ ಹಿಡಿದಳು. ಹಿಡಿದವಳೇ ಪೂರಾ ಗಂಟನ್ನು ಅಂಗಳಕ್ಕೆ ತಳ್ಳಿ ಒಳಗೆ ಓಡಿದಳು. ಅಷ್ಟಕ್ಕೆ ಮುಗಿಯಲಿಲ್ಲ. ಮುಂದಿನ ವಾರ ನಿಜವಾದ ಗಂಟು ಬಂದರೂ ಅನುಮಾನ. ಆ ಧೋತರ ಕಂಡರೇ ಅಳು. ಆಯಿ ಬೇರೆ ಬಟ್ಟೆಯಲ್ಲಿ ಕಟ್ಟಿ ಕಳಿಸುವವರೆಗೆ ಗಂಗಿ ಬರೀ ಹಾಲಿನ ಮೇಲೆ ದಿನ ದೂಡಿದಳು. ಒಡೆಯದೆ ಉಳಿದ ಅವ್ವನ ರೊಟ್ಟಿಗಳನ್ನು ಆ ವಾರ ಅವ್ವ ತಾನೇ ಚೂರು ಮಾಡಿ ನೆರೆಮನೆಯ ಎಮ್ಮೆಗೆ ಹಾಕಿದಳು. ಆಗ ಲಕ್ಷ್ಮಿಯ ಮಾತು ಬರಲಿಲ್ಲ.

ಹೀಗೆ ಮೂರು ವರ್ಷ ನಡೆದ ಮೇಲೆ ಒಂದು ಆದಿತ್ಯವಾರ ನಾನು ಬಸ್ಸಿನ ಬಾಗಿಲಲ್ಲಿ ಕೈ ಚಾಚಿ ನಿಂತರೆ ಕಂಡಕ್ಟರ್ ಬರಿಗೈಯಲ್ಲಿ ಇಳಿದ.

"ಈ ವಾರ ರೊಟ್ಟಿ ಬಂದಿಲ್ಲವಾ, ರೊಟ್ಟಿ ಬಡಿಯಾಕಿನ ಬಂದಾಳ. ಸಾವಕಾಶ ಇಳಸು."

ಆಯಿ ಬಚ್ಚಲಲ್ಲಿ ಜಾರಿ ಬಿದ್ದು ಬಲಗೈ ಮುರಿದುಕೊಂಡಿದ್ದಳು. ಬಿದಿರಿನ ಚಕ್ಕೆ ಇಟ್ಟು ಮೊಣಕೈವರೆಗೆ ಕಟ್ಟು ಕಟ್ಟಿದ್ದರು. ಮೂರು ತಿಂಗಳು ಆ ಕೈ ಎತ್ತಬಾರದು. ನಾನು ಅವಳನ್ನು ನಡೆಸಿಕೊಂಡು ಬರುತ್ತಿದ್ದರೂ ನನ್ನ ತಲೆಯಲ್ಲಿದ್ದದ್ದು ಡಬ್ಬಿ. ಅದರಲ್ಲಿ ಐದು ರೊಟ್ಟಿ ಉಳಿದಿದ್ದವು.

ಆಯಿ ಮಾನ್ವಿಯ ಮನೆಗೆ ಕಾಲಿಟ್ಟದ್ದು ಅದೇ ಮೊದಲು. ಅವ್ವ ಬಿಸಿ ರೊಟ್ಟಿ ಹಾಕಿ ಪುಂಡಿಪಲ್ಯ ಬಡಿಸಿದಳು. ಆಯಿ ಎಡಗೈಯಲ್ಲಿ ಒಂದು ತುತ್ತು ಬಾಯಿಗಿಟ್ಟು, ಅಗಿಯುವುದನ್ನು ನಿಲ್ಲಿಸಿ, ಸುತ್ತ ನೋಡಿದಳು.

"ಏನವಾ ಇದು, ರೊಟ್ಟಿ ಚಿಮಣಿ ಎಣ್ಣಿ ನಾರತದಲ್ಲ?"

ಅಪ್ಪ, ಅವ್ವ, ನಾನು ಮುಖ ಮುಖ ನೋಡಿಕೊಂಡೆವು. ನಮಗೆ ಯಾರಿಗೂ ಎಂದೂ ಆ ವಾಸನೆ ಬಂದಿರಲಿಲ್ಲ, ಮೂರು ವರ್ಷದಲ್ಲಿ ಮೂಗು ಒಗ್ಗಿಹೋಗಿತ್ತು. ಅವ್ವ ಮಾತ್ರ ಆ ಮಾತನ್ನು ಸೀಮೆಎಣ್ಣೆಯ ಸ್ಟೋ ಮೇಲೆ ಹಾಕಲಿಲ್ಲ, ತನ್ನ ಮೇಲೆಯೇ ಹಾಕಿಕೊಂಡಳು.

"ನನ್ನ ಕೈಲೆ ಮಾಡಿದ್ದು ನಿಮ್ಮ ಮೊಮ್ಮಗಳಿಗೂ ಬ್ಯಾಡ, ನಿಮಗೂ ಬ್ಯಾಡ. ಹೊಲಸ ಕೈ ಐತ್ರಿ ನಂದು! ಹಡದಾಕಿ ನಾನು, ನನ್ನ ರೊಟ್ಟಿ ಮೂಸಿ ನೋಡಿ ಒಗಿತಾಳ. ಮಂದಿ ಏನಂತಾರ ಗೊತ್ತದ ಏನ್ರಿ ಅತ್ತಿ? ಮಲತಾಯಿ ಇರಬೇಕು ಅಂತಾರ."

"ಕೈ ಅಲ್ಲವಾ, ಬೆಂಕಿ ಅಂತೀನಿ ನಾ."

"ಎಲ್ಲಾ ಗೊತ್ತದ ಬಿಡ್ರಿ."

ಅವ್ವ ಒಳಕೋಣೆಗೆ ಹೋಗಿ ಗೋಡೆ ಕಡೆ ತಿರುಗಿ ಕುಳಿತಳು. ಹಾಗೆ ಕುಳಿತಾಗ ಥೇಟ್ ಗಂಗಿಯೇ. ನನಗೆ ಆ ಕ್ಷಣ ಎಲ್ಲರ ಮೇಲೂ ಸಿಟ್ಟು ಬಂತು. ಒಬ್ಬಳು ತಿನ್ನುವುದಿಲ್ಲ, ಒಬ್ಬಳು ಬಡಿಯಲಾರಳು, ಒಬ್ಬಳು ಬಡಿಯಲು ಒಲ್ಲಳು. ನಡುವೆ ನಾನು, ಹನ್ನೊಂದು ವರ್ಷದ ದೊಡ್ಡವಳು.

ಮರುದಿನ ಬೆಳಿಗ್ಗೆ ಆಯಿ ಹಿತ್ತಲಿನ ಬೇವಿನ ಗಿಡದ ಕೆಳಗೆ ನನ್ನಿಂದ ಮೂರು ಕಲ್ಲು ಇಡಿಸಿದಳು. ತೊಗರಿ ಕಟ್ಟಿಗೆ ಹೊಂದಿಸಿದೆವು. ಅಪ್ಪ ಆಫೀಸಿಗೆ ಹೊರಟವನು ಹೊಗೆ ನೋಡಿ ನಿಂತ.

"ಗ್ವಾಡಿ ಕರ್ರಗಾದ್ರ ಸಾಹೇಬರು ನನ್ನ ಬಿಡಂಗಿಲ್ಲ."

"ಗ್ವಾಡಿಗೆ ಮತ್ತ ಸುಣ್ಣ ಬಳಿಬೌದು. ಕೂಸಿಗೆ ಏನ್ ಬಳಿತಿ?" ಎಂದಳು ಆಯಿ. ಅಪ್ಪ ಛತ್ರಿ ಬಗಲಲ್ಲಿಟ್ಟುಕೊಂಡು ಹೋದ.

ರೊಟ್ಟಿ ಬಡಿಯುವುದು ಕಲಿಸುವ ವಿದ್ಯೆಯಲ್ಲ, ಕೈಗೆ ತಾನಾಗಿ ಬರಬೇಕಾದದ್ದು. ನನ್ನ ಕೈಗೆ ಅದು ಬರಲು ಒಲ್ಲೆನೆಂದಿತು. ಕುದಿಯುವ ನೀರು ಹಿಟ್ಟಿಗೆ ಹೆಚ್ಚಾದರೆ ಅಂಬಲಿ, ಕಡಿಮೆಯಾದರೆ ಬಿರುಕು. ಬಡಿದದ್ದು ತೆಳ್ಳಗಾಗುವ ಮೊದಲೇ ಹರಿಯುತ್ತಿತ್ತು. ಎತ್ತಿ ಹಂಚಿಗೆ ಹಾಕುವಾಗ ಅರ್ಧ ಕೈಯಲ್ಲೇ ಉಳಿಯುತ್ತಿತ್ತು. ಹಂಚಿನ ಮೇಲೆ ನೀರು ಸವರುವಾಗ ಬೆರಳು ಸುಡುತ್ತಿತ್ತು. ಆಯಿ ಒಂದು ಕೈಯಲ್ಲಿ ತೋರಿಸಲಾರದೆ ಬಾಯಲ್ಲೇ ಬಡಿಯುತ್ತಿದ್ದಳು.

"ಎದ್ಯಾಗ ಸಿಟ್ಟು ಇಟ್ಕೊಂಡು ಬಡಿಬ್ಯಾಡ. ಅಂಚು ತಿರುವು, ತಿರುವು ಬೇ! ಯಾಕ ಹಂಗ ಹೊಡಿತಿ ಅದನ್ನ?"

ಸಂಜೆ ಬಂದ ಅಪ್ಪ ನನ್ನ ರೊಟ್ಟಿಯೊಂದನ್ನು ಎತ್ತಿ ಬೆಳಕಿಗೆ ಹಿಡಿದು, "ಇದು ರೊಟ್ಟಿ ಅಲ್ಲ, ನಮ್ಮ ಆಫೀಸಿನ ಕಾಲುವಿ ನಕಾಶಿ" ಎಂದ. ನಾನು ಹಿಟ್ಟಿನ ಕೈಯಲ್ಲೇ ಅತ್ತೆ. ಗಂಗಿ ಗಿಡಕ್ಕೆ ಒರಗಿ ಕುಳಿತು, ಮುಂದಕ್ಕೆ ಹಿಂದಕ್ಕೆ ತೂಗುತ್ತ, ನನ್ನ ಕೈಯ ಪಟಪಟ ಸದ್ದು ಕೇಳುತ್ತಿದ್ದಳು. ಎದ್ದು ಹೋಗಲಿಲ್ಲ, ಅಷ್ಟೇ ಸಮಾಧಾನ. ಡಬ್ಬಿಯ ಐದೂ ರೊಟ್ಟಿ ಮಂಗಳವಾರಕ್ಕೆ ಮುಗಿದವು. ಬುಧವಾರ ಹಾಲು ಮಾತ್ರ. ಗುರುವಾರ ಬೆಳಿಗ್ಗೆ ಹಾಲೂ ಬೇಡವೆಂದಳು, ತಗ್ಗು ಬಿದ್ದ ಖಾಲಿ ತಾಟನ್ನು ತೊಡೆಯ ಮೇಲೆ ಇಟ್ಟುಕೊಂಡು ಗಿಡದ ಕೆಳಗೆ ಮಲಗಿಬಿಟ್ಟಳು. ಅವಳ ತುಟಿ ಒಣಗಿ ಬಿಳಿ ಪೊರೆ ಎದ್ದಿತ್ತು. ಚಂದ್ರಬಂಡದ ಅತ್ತೆ ಬಂದಾಗಿನ ಮೂರನೆಯ ದಿನ ನನ್ನ ಕಣ್ಣೆದುರಿಗೆ ಬಂತು. ಇವಳು ಸತ್ತರೆ ಅದು ನನ್ನ ಕೈಯ ತಪ್ಪು ಎಂದು ಹೆದರಿದೆ. ಆ ಹೆದರಿಕೆಯಲ್ಲಿ ಸಿಟ್ಟು ಮರೆತುಹೋಯಿತು. ಶಾಲೆಗೆ ಹೋಗದೆ ಹಿಟ್ಟು ನಾದಿದೆ.

ಮಧ್ಯಾಹ್ನದೊಳಗೆ ಹದಿನಾಲ್ಕು ಹಾಳಾದವು, ಎರಡು ಇಡಿಯಾಗಿ ಬಂದವು. ಅವನ್ನು ಕೆಂಡದ ಪಕ್ಕ ನಿಲ್ಲಿಸಿ ಒಣಗಿಸಿದೆವು. ಬಾರಿಸಿದರೆ ಟಣ್ ಎಂದವು. ಒಂದು ಗಂಗಿಗೆ, ಒಂದು ನನಗೆ ಎಂದು ಮನಸ್ಸಿನಲ್ಲಿ ಆಗಲೇ ಹಂಚಿಕೊಂಡಿದ್ದೆ. ನಾನೇ ಬಡಿದದ್ದು, ಯಾರ ಡಬ್ಬಿಯದೂ ಅಲ್ಲ. ಮೂರು ವರ್ಷದ ಚೂರುಗಳ ಮೇಲೆ ಒಂದು ಇಡೀ ರೊಟ್ಟಿ ತಿನ್ನುವ ಹಕ್ಕು ನನಗಿತ್ತು. ಅವಳ ತಾಟನ್ನು ತಗ್ಗು ಅವಳ ಕಡೆಗೆ ಬರುವ ಹಾಗೆ ನೆಲಕ್ಕಿಟ್ಟು, ನನ್ನ ತಾಟನ್ನು ಅದರ ಎದುರಿಗೆ ಇಟ್ಟೆ. ಎರಡೂ ರೊಟ್ಟಿ ನಡುವೆ ಇಟ್ಟೆ.

ಗಂಗಿ ಎದ್ದು ಕುಳಿತಳು. ಮೊದಲನೆಯದನ್ನು ಬಾರಿಸಿ ಕೇಳಿದಳು. ಮೂಗಿಗೆ ಹಿಡಿದಳು. ಆಯಿ ದೇವರ ಹೆಸರು ಹೇಳುವುದನ್ನು ನಿಲ್ಲಿಸಿದಳು. ಗಂಗಿ ಅದನ್ನು ತನ್ನ ತಾಟಿಗೆ ಹಾಕಿಕೊಂಡಳು. ಆಮೇಲೆ ಎರಡನೆಯದನ್ನು ಎತ್ತಿ ಹಾಗೆಯೇ ಬಾರಿಸಿ ನೋಡಿ, ಎರಡೂ ಕೈಯಲ್ಲಿ ಹಿಡಿದು ಲಟಕ್ಕನೆ ಮುರಿದಳು. ಅರ್ಧವನ್ನು ಮತ್ತೆ ಅರ್ಧ ಮಾಡಿದಳು. ದೊಡ್ಡ ಚೂರಿನ ಮೇಲೆ ಸಣ್ಣ ಚೂರು ಇಟ್ಟು ನನ್ನ ತಾಟಿನಲ್ಲಿ ಜೋಡಿಸಿ, ನನ್ನ ಕಡೆ ತಳ್ಳಿದಳು.

"ಅಕ್ಕಂದು."

ನಾನು ಕೈ ಎತ್ತಿದ್ದೆ, ಹೊಡೆಯಲೆಂದೇ ಎತ್ತಿದ್ದೆ. ಹಿಂದಿನಿಂದ ಅವ್ವನ ದನಿ ಬಂತು. ಯಾವಾಗ ಬಂದು ಬಾಗಿಲಲ್ಲಿ ನಿಂತಿದ್ದಳೋ.

"ಹೊಡಿಬ್ಯಾಡ ಯವ್ವಾ. ನಿನಗ ಇಡೀದು ಸೇರಂಗಿಲ್ಲಂತ ತಿಳಕೊಂಡಾಳ ಅಕಿ. ಮೂರು ವರ್ಷ ನಾ ನಿನಗ ಒಡದದ್ದೇ ಹಾಕೀನಲ್ಲ."

ಗಂಗಿ ತನ್ನ ರೊಟ್ಟಿಯ ಅಂಚಿಗೆ ಹಲ್ಲು ಹಚ್ಚಿರಲಿಲ್ಲ. ನನ್ನ ಬಾಯನ್ನೇ ನೋಡುತ್ತಿದ್ದಳು. ಎರಡು ದಿನದಿಂದ ಉಂಡಿಲ್ಲದ ಕೂಸು, ನಾನು ಉಣ್ಣುತ್ತೇನೋ ಇಲ್ಲವೋ ಎಂದು ಕಾಯುತ್ತಿತ್ತು. ನಾನು ಒಂದು ಚೂರು ಬಾಯಿಗೆ ಹಾಕಿಕೊಂಡೆ. ಆಮೇಲೆ ಅವಳು ತನ್ನದನ್ನು ಕಡಿದಳು. ಅವ್ವ ಬಂದು ನನ್ನನ್ನು ಬದಿಗೆ ಸರಿಸಿ ಒಲೆಯ ಮುಂದೆ ಕುಳಿತು ಹಿಟ್ಟು ಎಳೆದುಕೊಂಡಳು. ಅವಳ ಮೊದಲ ರೊಟ್ಟಿಯನ್ನು ಗಂಗಿ ಬಾರಿಸಿ, ಮೂಸಿ, ಡಬ್ಬಿಗೆ ಹಾಕಿದಳು. ಅವ್ವ ಸೆರಗಿನಿಂದ ಮುಖ ಒರೆಸಿಕೊಂಡು, ಹೊಗೆ ಬಹಳ ಆಯಿತು ಎಂದಳು.

ಗಂಗಿ ಈಗ ರಾಯಚೂರಿನಲ್ಲಿ ನನ್ನ ಮನೆಯಲ್ಲಿದ್ದಾಳೆ. ಮೂರರ ಜೊತೆಗೆ ಇನ್ನೆರಡು ತಿನಿಸು ಸೇರಿಕೊಂಡಿವೆ, ಕಾಯಿದೆಗಳು ಮಾತ್ರ ಹತ್ತಿಪ್ಪತ್ತು ಹೆಚ್ಚಾಗಿವೆ, ನನ್ನ ತಲೆ ತಿನ್ನುವುದು ನಿಂತಿಲ್ಲ. ದಿನಾ ಊಟಕ್ಕೆ ಕುಳಿತಾಗ ಮೊದಲು ನನ್ನ ರೊಟ್ಟಿ ಮುರಿದು, ದೊಡ್ಡದರ ಮೇಲೆ ಸಣ್ಣದು ಜೋಡಿಸಿ ತಳ್ಳುತ್ತಾಳೆ. ನಾನು ಗೊಣಗುತ್ತಲೇ ತಿನ್ನುತ್ತೇನೆ. ನನಗೆ ಇಡೀ ರೊಟ್ಟಿಯೇ ಇಷ್ಟ ಎಂದು ಅವಳಿಗೆ ಇವತ್ತಿನವರೆಗೂ ಹೇಳಿಲ್ಲ.